ಬೆನ್ನು ತೆರೆದ ಉಡುಪಿಗೆ ಆಸರೆ ಎಲ್ಲಿಂದ?

ಮದುವೆಯ ಆರತಕ್ಷತೆಗೆ ಬಟ್ಟೆ ಆರಿಸುವ ಮನೆಗಳಲ್ಲಿ ಕೆಲಸ ನಡೆಯುವ ಕ್ರಮ ಹೆಚ್ಚುಕಡಿಮೆ ಒಂದೇ. ಮೊದಲು ಸೀರೆಯೋ ಲೆಹಂಗಾವೋ ಗೌನೋ ನಿಶ್ಚಯವಾಗುತ್ತದೆ. ಆಮೇಲೆ ಬ್ಲೌಸಿನ ಮಾದರಿ, ಬೆನ್ನಿನ ಕಡೆ ಎಷ್ಟು ಆಳ ಇಳಿಸಬೇಕು, ಆರಿ ಕೆಲಸ ಎಷ್ಟು ದಟ್ಟವಾಗಿರಬೇಕು, ಡೋರಿಯ ತುದಿಗೆ ಯಾವ ಕುಚ್ಚು ಎಂಬ ಚರ್ಚೆ. ಅದಾದ ಮೇಲೆ ಒಡವೆ, ಚಪ್ಪಲಿ, ಮೇಕಪ್. ಒಳಗೆ ಏನು ತೊಡುವುದು ಎಂಬ ಪ್ರಶ್ನೆ ಏಳುವುದು ಬ್ಲೌಸು ಹೊಲಿದು ಮನೆಗೆ ಬಂದ ಮೇಲೆ, ದಿನನಿತ್ಯದ ಬ್ರಾದ ಪಟ್ಟಿ ಬೆನ್ನಿನ ಮೇಲೆ ಅಡ್ಡಡ್ಡ ಎದ್ದು ಕಂಡಾಗ. ಅಷ್ಟು ಹೊತ್ತಿಗೆ ಉಳಿದಿರುವುದು ಮೂರೋ ನಾಲ್ಕೋ ದಿನ. ಆನ್‌ಲೈನಿನಲ್ಲಿ ಅಂಟು ಕಪ್ ತರಿಸಿಕೊಳ್ಳುವುದು, ಇಲ್ಲವೇ ಇದ್ದ ಬ್ರಾವನ್ನೇ ಪಿನ್ನು ಹಾಕಿ ಕೆಳಗೆ ಎಳೆದು ನಿಲ್ಲಿಸುವುದು, ಅದೂ ಆಗದಿದ್ದರೆ ಸೆರಗನ್ನು ಬೆನ್ನ ಮೇಲೆ ಹೊದ್ದು ಸಂಜೆಯಿಡೀ ಕಳೆಯುವುದು. ಈ ಕ್ರಮ ತಲೆಕೆಳಗಾಗಿದೆ ಎಂಬುದೇ ನನ್ನ ವಾದ. ಬೆನ್ನು ತೆರೆದ ಉಡುಪಿನಲ್ಲಾಗಲಿ, ಒಳಗಿನದು ಕಾಣುವಷ್ಟು ತೆಳುವಾದ ಉಡುಪಿನಲ್ಲಾಗಲಿ ಒಳಉಡುಪನ್ನು ಮೊದಲು ನಿರ್ಧರಿಸಬೇಕು, ಅದರ ಮೇಲೆ ಬಟ್ಟೆ ಕತ್ತರಿಸಬೇಕು. ಏಕೆಂದರೆ ಇಲ್ಲಿರುವುದು ಮರೆಮಾಚುವ ಸಮಸ್ಯೆಯಲ್ಲ, ಭಾರ ಹೊರುವ ಸಮಸ್ಯೆ.

ಸ್ತನದೊಳಗೆ ಸ್ನಾಯುವಿಲ್ಲ. ಅದನ್ನು ಹಿಡಿದಿಟ್ಟಿರುವುದು ಹೊರಗಿನ ಚರ್ಮ ಮತ್ತು ಒಳಗೆ ಹರಡಿಕೊಂಡಿರುವ ನವಿರಾದ ನಾರುಗಳ ಜಾಲ. ಇಂಗ್ಲೆಂಡಿನ ಶಸ್ತ್ರವೈದ್ಯ ಆಸ್ಟ್ಲಿ ಕೂಪರ್ 1840ರ ತನ್ನ ಗ್ರಂಥದಲ್ಲಿ ಈ ನಾರುಗಳನ್ನು ವಿವರಿಸಿದ. ಇಂದಿಗೂ ವೈದ್ಯರು ಅವುಗಳನ್ನು ಅವನ ಹೆಸರಿನಿಂದಲೇ ಕರೆಯುತ್ತಾರೆ. ಇಷ್ಟು ನಾಜೂಕಾದ ಆಧಾರ ಮಾತ್ರ ಇರುವುದರಿಂದ ನಡೆದರೂ ಬಾಗಿದರೂ ಕುಣಿದರೂ ಭಾರ ಚಲಿಸುತ್ತದೆ. ಆ ಚಲನೆ ಬರೀ ಮೇಲೆ ಕೆಳಗೆ ಅಲ್ಲ, ಅಕ್ಕಪಕ್ಕಕ್ಕೂ ಹಿಂದೆಮುಂದಕ್ಕೂ ಆಗುತ್ತದೆ ಎಂಬುದನ್ನು ಇಂಗ್ಲೆಂಡಿನ ಪೋರ್ಟ್ಸ್‌ಮತ್ ವಿಶ್ವವಿದ್ಯಾಲಯದಲ್ಲಿ ಜೊಆನಾ ಸ್ಕರ್ ಅವರ ತಂಡ ವರ್ಷಗಟ್ಟಲೆ ಅಳೆದು ತೋರಿಸಿದೆ. ಈ ಭಾರವನ್ನು ಬ್ರಾದ ಹೆಗಲಪಟ್ಟಿ ಎತ್ತಿ ಹಿಡಿಯುತ್ತದೆ ಎಂದು ಬಹಳ ಜನ ನಂಬಿದ್ದಾರೆ. ನಿಜವಾಗಿ ಹೆಚ್ಚಿನ ಪಾಲು ಹೊರುವುದು ಎದೆಯ ಕೆಳಗೆ ಪಕ್ಕೆಲುಬುಗಳ ಸುತ್ತ ಬಿಗಿಯಾಗಿ ಕೂರುವ ಅಡ್ಡಪಟ್ಟಿ. ಹೆಗಲಪಟ್ಟಿಯ ಕೆಲಸ ಕಪ್‌ನ ಮೇಲಂಚು ಮೈಗೆ ಒತ್ತಿ ನಿಲ್ಲುವಂತೆ ನೋಡಿಕೊಳ್ಳುವುದು. ಪರೀಕ್ಷೆ ಸುಲಭ: ಎರಡೂ ಹೆಗಲಪಟ್ಟಿಗಳನ್ನು ಕೆಳಗೆ ಜಾರಿಸಿ ನೋಡಿ. ಬ್ರಾ ಅಲ್ಲೇ ನಿಂತರೆ ಅಡ್ಡಪಟ್ಟಿ ಸರಿಯಾಗಿದೆ. ತಕ್ಷಣ ಇಳಿದರೆ ಅಷ್ಟು ದಿನ ಭಾರ ಹೊರುತ್ತಿದ್ದದ್ದು ನಿಮ್ಮ ಹೆಗಲು.

ಬೆನ್ನು ಆಳವಾಗಿ ತೆರೆದಾಗ ನಾವು ಕಿತ್ತುಹಾಕುವುದು ಸರಿಯಾಗಿ ಆ ಅಡ್ಡಪಟ್ಟಿಯನ್ನೇ. ಹೆಗಲಪಟ್ಟಿ ಹೋದರೆ ಅಷ್ಟೇನೂ ನಷ್ಟವಿಲ್ಲ. ಅಡ್ಡಪಟ್ಟಿ ಹೋದರೆ ಭಾರಕ್ಕೆ ಬೇರೆ ದಾರಿ ತೋರಿಸಲೇಬೇಕು. ಅದು ಚರ್ಮಕ್ಕೆ ಅಂಟಿಕೊಂಡು ನಿಲ್ಲಬಹುದು, ಸೊಂಟದವರೆಗೆ ಇಳಿದು ಅಲ್ಲಿ ನೆಲೆಗೊಳ್ಳಬಹುದು, ಇಲ್ಲವೇ ಉಡುಪೇ ಅದನ್ನು ಹೊರಬಹುದು. ಅಂಗಡಿಯಲ್ಲಿ ಎಷ್ಟೇ ಹೆಸರಿನ, ಎಷ್ಟೇ ಬೆಲೆಯ ವಸ್ತುಗಳಿದ್ದರೂ ಅವೆಲ್ಲ ಈ ದಾರಿಗಳಲ್ಲಿ ಒಂದನ್ನು ಹಿಡಿದಿರುತ್ತವೆ. ಯಾವುದು ಯಾವ ದಾರಿ ಹಿಡಿದಿದೆ ಎಂದು ಗುರುತಿಸಲು ಬಂದರೆ ಆಯ್ಕೆ ಅರ್ಧ ಮುಗಿದಂತೆ.

ಸಮಸ್ಯೆ ಹೊಸತಲ್ಲ. ಆಧುನಿಕ ಬ್ರಾದ ಇತಿಹಾಸದಲ್ಲಿ ಮೊದಲು ನೆನಪಾಗುವ ಪೇಟೆಂಟೇ ಇದಕ್ಕೆ ಹುಡುಕಿದ ಉತ್ತರ. ನ್ಯೂಯಾರ್ಕಿನ ತರುಣಿ ಮೇರಿ ಫೆಲ್ಪ್ಸ್ ಜೇಕಬ್‌ಗೆ ನೃತ್ಯಕೂಟವೊಂದಕ್ಕೆ ತೊಡಲು ತೆಳುವಾದ ಗೌನು ಇತ್ತು. ಅದರೊಳಗಿಂದ ಬಿಗಿ ಕಾರ್ಸೆಟ್ಟಿನ ಕಡ್ಡಿಗಳು ಎದ್ದು ಕಾಣುತ್ತಿದ್ದವು. ಅವಳು ಎರಡು ಕರವಸ್ತ್ರಗಳನ್ನು ರಿಬ್ಬನ್ನಿನಿಂದ ಜೋಡಿಸಿ ಒಳಗೆ ತೊಟ್ಟಳು. ಅದನ್ನೇ ತಿದ್ದಿ, ಬೆನ್ನಿಲ್ಲದ ಬ್ರೆಸಿಯರ್ ಎಂಬ ಹೆಸರಿನಲ್ಲಿ 1914ರ ನವೆಂಬರ್ 3ರಂದು ಪೇಟೆಂಟ್ ಪಡೆದಳು. ಆಮೇಲೆ ವಾರ್ನರ್ ಕಾರ್ಸೆಟ್ ಕಂಪನಿಗೆ ಅದನ್ನು 1,500 ಡಾಲರ್‌ಗೆ ಮಾರಿದಳು. ಈ ಕಥೆಯನ್ನು ಸಾಮಾನ್ಯವಾಗಿ ಕಾರ್ಸೆಟ್ಟಿನಿಂದ ಬಿಡುಗಡೆಯ ಕಥೆಯಾಗಿ ಹೇಳುತ್ತಾರೆ. ನನಗೆ ಅದರಲ್ಲಿ ಮುಖ್ಯವಾಗಿ ಕಾಣುವುದು ಬೇರೆ. ಬೆನ್ನಿನ ಮೇಲ್ಭಾಗವನ್ನು ಖಾಲಿ ಬಿಟ್ಟು, ಪಟ್ಟಿಗಳನ್ನು ಕೆಳಗೆ ಹಾಯಿಸಿ ಮುಂದೆ ತಂದು ಕಟ್ಟಬೇಕೆಂದು ಅವಳಿಗೆ ಹೊಳೆದಿತ್ತು. ಇವತ್ತು ಲೋ ಬ್ಯಾಕ್ ಕನ್ವರ್ಟರ್ ಎಂದು ಮಾರುವ, ಬ್ರಾದ ಹಿಂದಿನ ಕೊಕ್ಕೆಗೆ ಸಿಕ್ಕಿಸಿ ಸೊಂಟಕ್ಕೆ ಸುತ್ತುವ ಪಟ್ಟಿಯಲ್ಲೂ ಇರುವುದು ಅದೇ ತಂತ್ರ. ಅದೇ ದೋಷವೂ ಇದೆ. ಅಡ್ಡಪಟ್ಟಿ ಹಿಂದೆಮುಂದೆ ಒಂದೇ ಮಟ್ಟದಲ್ಲಿದ್ದಾಗ ಮಾತ್ರ ಚೆನ್ನಾಗಿ ಹೊರುತ್ತದೆ. ಹಿಂದೆ ಕೆಳಕ್ಕೆ ಎಳೆದಷ್ಟೂ ಕಪ್ ವಾಲುತ್ತದೆ, ತಂತಿ ಕಂಕುಳ ಕೆಳಗೆ ಚುಚ್ಚುತ್ತದೆ. ಬೆನ್ನು ನಾಲ್ಕೈದು ಬೆರಳಷ್ಟು ಮಾತ್ರ ಇಳಿದಿದ್ದರೆ ಈ ಪಟ್ಟಿ ಸಾಕು. ಸೊಂಟದವರೆಗೆ ಇಳಿದ ಬೆನ್ನಿಗೆ ಇದನ್ನು ನೆಚ್ಚಬಾರದು.

ಗೌನಿನ ವಿಷಯದಲ್ಲಿ ಹೊಲಿಗೆಯ ಜಗತ್ತು ಕಂಡುಕೊಂಡ ಅತ್ಯುತ್ತಮ ಉತ್ತರ ಉಡುಪಿನ ಒಳಗೇ ಇನ್ನೊಂದು ಉಡುಪನ್ನು ಕಟ್ಟುವುದು. 1947ರ ಫೆಬ್ರುವರಿಯಲ್ಲಿ ಪ್ಯಾರಿಸ್ಸಿನಲ್ಲಿ ಕ್ರಿಸ್ಟಿಯಾನ್ ಡಿಯೋರ್ ತೋರಿಸಿದ ಉಡುಪುಗಳ ಆಕಾರ ತೊಟ್ಟವಳ ಮೈಯಿಂದ ಮಾತ್ರ ಬಂದದ್ದಲ್ಲ, ಒಳಗೆ ಹೊಲಿದ ಕಡ್ಡಿ, ಬಿರುಸು ಬಟ್ಟೆ, ಪದರಗಳಿಂದ ಬಂದದ್ದು. ಒಳ್ಳೆಯ ಸಂಜೆ ಗೌನನ್ನು ಒಳಮೈ ಹೊರಗೆ ಮಾಡಿ ನೋಡಿದರೆ ಸೊಂಟದ ಸುತ್ತ ಹಿಗ್ಗದ ಒಂದು ರಿಬ್ಬನ್ ಪಟ್ಟಿ ಕಾಣುತ್ತದೆ, ಅದಕ್ಕೆ ತನ್ನದೇ ಕೊಕ್ಕೆ. ಹೊರಗಿನ ಜಿಪ್ ಹಾಕುವ ಮೊದಲು ಅದನ್ನು ಬಿಗಿದುಕೊಳ್ಳಬೇಕು. ಆ ಪಟ್ಟಿ ಸೊಂಟದಲ್ಲಿ ಕಚ್ಚಿ ಕೂತ ಮೇಲೆ ಅದರಿಂದ ಮೇಲೆದ್ದ ಕಡ್ಡಿಗಳು ಚಪ್ಪರದ ಕಂಬಗಳಂತೆ ಎದೆಯ ಭಾಗವನ್ನು ಹೊತ್ತು ನಿಲ್ಲುತ್ತವೆ. ಹೆಗಲಿಗೆ ಪಟ್ಟಿ ಬೇಡ, ಬೆನ್ನಿಗೆ ಬಟ್ಟೆ ಬೇಡ. ಸೊಂಟದವರೆಗೆ ಬರುವ ಉದ್ದನೆಯ ಬಸ್ಟಿಯೆ, ಗಿಡ್ಡ ಸ್ಟ್ರಾಪ್‌ಲೆಸ್ ಬ್ರಾಕ್ಕಿಂತ ಚೆನ್ನಾಗಿ ನಿಲ್ಲುವುದಕ್ಕೂ ಇದೇ ಕಾರಣ. ಪಕ್ಕೆಲುಬಿನ ಗೂಡು ಕೆಳಗೆ ಬಂದಂತೆ ಕಿರಿದಾಗುವುದರಿಂದ ಗಿಡ್ಡ ಬ್ರಾ ಜಾರುತ್ತಲೇ ಇರುತ್ತದೆ. ಉದ್ದನೆಯದು ಸೊಂಟದ ಸಣ್ಣ ಜಾಗವನ್ನು ತಲುಪಿ, ಕೆಳಗೆ ಅಗಲವಾಗುವ ಮೂಳೆಯ ಮೇಲೆ ಕೂರುತ್ತದೆ. ಮೈ ಪೂರ್ತಿ ಕಾಣುವಂತಿದ್ದ ಉಡುಪುಗಳೂ ಹೀಗೇ ನಿಂತವು. 1953ರಲ್ಲಿ ಲಾಸ್ ವೇಗಸ್ಸಿನ ವೇದಿಕೆಯಲ್ಲಿ ನಟಿ ಮಾರ್ಲೀನ್ ಡೀಟ್ರಿಕ್ ತೊಟ್ಟ, ಜಾನ್ ಲೂಯಿ ವಿನ್ಯಾಸದ ಪಾರದರ್ಶಕ ಗೌನು ನೋಡುವವರಿಗೆ ಬರಿಮೈಯೆಂಬ ಭ್ರಮೆ ಹುಟ್ಟಿಸಿತ್ತು. ಒಳಗೆ ಮೈಬಣ್ಣದ, ಅಳತೆಗೆ ತಕ್ಕಂತೆ ಕಟ್ಟಿದ ಬಿಗಿ ಉಡುಪೊಂದಿತ್ತು. ಆ ಭ್ರಮೆಯ ಹಿಂದೆ ಇದ್ದದ್ದು ದರ್ಜಿಯ ಲೆಕ್ಕ.

ನಮ್ಮ ಸೀರೆಯ ಬ್ಲೌಸಿನ ಕಡೆಗೆ ತಿರುಗಿದರೆ ವಿಷಯ ಇನ್ನೂ ಸ್ವಾರಸ್ಯವಾಗುತ್ತದೆ. ಬ್ಲೌಸಿನ ಕೆಳಅಂಚು ಎಲ್ಲಿ ನಿಲ್ಲುತ್ತದೆ ನೋಡಿ: ಎದೆಯ ಸ್ವಲ್ಪ ಕೆಳಗೆ, ಬ್ರಾದ ಅಡ್ಡಪಟ್ಟಿ ಕೂರುವ ಜಾಗಕ್ಕೆ ತಾಗಿಕೊಂಡೇ. ಬೆನ್ನು ಎಷ್ಟೇ ಆಳ ಇಳಿಸಿದರೂ ಕೆಳಗೆ ಎರಡು ಮೂರು ಇಂಚಿನ ಪಟ್ಟಿಯೊಂದನ್ನು ದರ್ಜಿಗಳು ಬಿಟ್ಟೇ ಬಿಡುತ್ತಾರೆ. ಅಂದರೆ ಗೌನಿನಲ್ಲಿ ಕಳೆದುಹೋಗುವ ಆಧಾರ ಬ್ಲೌಸಿನಲ್ಲಿ ಕಳೆದುಹೋಗುವುದೇ ಇಲ್ಲ. ಅಲ್ಲೇ ಇರುತ್ತದೆ, ನಾವು ಅದಕ್ಕೆ ಕೆಲಸ ಕೊಡುತ್ತಿಲ್ಲ ಅಷ್ಟೆ. ಹಿಂದಿನವರು ಕೊಟ್ಟಿದ್ದರು. ಹಳ್ಳಿಗಳಲ್ಲಿ ಅಜ್ಜಿಯರು ತೊಡುತ್ತಿದ್ದ, ಮುಂದೆ ಗಂಟು ಹಾಕುವ ಕುಪ್ಪಸವನ್ನು ನೆನೆಸಿಕೊಳ್ಳಿ. ಗಂಟು ಬೀಳುತ್ತಿದ್ದದ್ದು ಎದೆಯ ಕೆಳಗೆ, ಬೇಕಾದಷ್ಟು ಬಿಗಿ ಮಾಡಿಕೊಳ್ಳುವಂತೆ. ಬಸುರಿಯಾದರೂ ಬಾಣಂತಿಯಾದರೂ ಅದೇ ಕುಪ್ಪಸ ನಡೆಯುತ್ತಿತ್ತು. ಲಂಬಾಣಿ ಹೆಂಗಸರ ಕಾಂಚಳಿಯಲ್ಲಂತೂ ಬೆನ್ನೇ ಇಲ್ಲ. ಕನ್ನಡಿ, ಕವಡೆ, ದಾರದ ಕಸೂತಿಯಿಂದ ಭಾರವಾದ ಮುಂಭಾಗವನ್ನು ಹಿಂದೆ ಲಾಡಿಗಳು ಹಿಡಿದಿರುತ್ತವೆ. ಹೊಲದಲ್ಲಿ ಬಾಗಿ ಕೆಲಸ ಮಾಡುವ ಮೈಗೆ ಆ ಉಡುಪು ತಲೆಮಾರುಗಳ ಕಾಲ ಹೊಂದಿಕೊಂಡಿದೆ. ಹಾಗಾಗಿ ಬೆನ್ನಿಲ್ಲದ ರವಿಕೆ ಸಿನಿಮಾದಿಂದ ಇಳಿದ ಹೊಸ ಚಾಳಿ, ಹೊರಗಿನಿಂದ ಬಂದದ್ದು ಎನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ. 1994ರ ‘ಹಮ್ ಆಪ್ಕೆ ಹೈ ಕೌನ್’ ಚಿತ್ರದಲ್ಲಿ ಮಾಧುರಿ ದೀಕ್ಷಿತ್ ತೊಟ್ಟ ನೇರಳೆ ಬ್ಲೌಸಿನ ಮಾದರಿ ಊರೂರಿನ ದರ್ಜಿ ಅಂಗಡಿಗೆ ಬಂದದ್ದು ನಿಜ. ಆದರೆ ಅದು ಬರುವ ಬಹಳ ಮೊದಲೇ ತೆರೆದ ಬೆನ್ನಿನ ರವಿಕೆಗೆ ಆಸರೆ ಕೊಡುವ ಉಪಾಯ ಸಂಡೂರಿನ ಲಂಬಾಣಿ ತಾಂಡಾಗಳಲ್ಲಿತ್ತು.

ಹಾಗಾದರೆ ಬ್ಲೌಸನ್ನೇ ಆಸರೆಯಾಗಿಸುವುದು ಹೇಗೆ? ಮೊದಲನೆಯದಾಗಿ ಆ ಕೆಳಪಟ್ಟಿ ಹಿಗ್ಗಬಾರದು. ರೇಷ್ಮೆಯ ಕೆಳಗೆ ಬರೀ ತೆಳು ಲೈನಿಂಗ್ ಇದ್ದರೆ ಒಂದು ಗಂಟೆಯಲ್ಲಿ ಸಡಿಲಾಗುತ್ತದೆ. ಒಳಗೆ ಕ್ಯಾನ್ವಾಸ್ ಇಟ್ಟು, ಗಟ್ಟಿ ಹತ್ತಿಯ ಎರಡು ಪದರ ಕೊಟ್ಟು, ಕೊಕ್ಕೆಗಳನ್ನು ಹತ್ತಿರ ಹತ್ತಿರ ಹಾಕಿಸಬೇಕು. ಬಿಗಿ ಎಷ್ಟಿರಬೇಕೆಂದರೆ ಪಟ್ಟಿಯೊಳಗೆ ಎರಡು ಬೆರಳು ತೂರಬೇಕು, ಮುಷ್ಟಿ ತೂರಬಾರದು. ಎದೆಯ ಭಾಗಕ್ಕೆ ಪ್ರಿನ್ಸೆಸ್ ಕಟ್ ಅಥವಾ ಕಟೋರಿ ಕಟ್ ಒಳ್ಳೆಯದು. ಅವುಗಳಲ್ಲಿ ಬಟ್ಟೆಯ ತುಂಡುಗಳೇ ದುಂಡಗೆ ಸೇರಿ ಕಪ್‌ನ ಆಕಾರ ಪಡೆಯುವುದರಿಂದ, ಬರೀ ಟಕ್ಸ್ ಹಿಡಿದು ಹೊಲಿದ ಬ್ಲೌಸಿಗಿಂತ ಚೆನ್ನಾಗಿ ಹಿಡಿಯುತ್ತವೆ. ಒಳಗೆ ಕಪ್ ಇಡಿಸುವುದಾದರೆ ಅದು ಬರೀ ಸ್ಪಂಜಿನ ತುಂಡಾಗಬಾರದು. ಸ್ಪಂಜು ಆಕಾರ ಕೊಡುತ್ತದೆ, ಭಾರ ಹೊರುವುದಿಲ್ಲ. ಕಪ್‌ನ ಕೆಳಅಂಚು ಪಟ್ಟಿಗೆ ಸೇರಿ ಹೊಲಿದಿರಬೇಕು, ಆಗ ಮಾತ್ರ ಭಾರ ಪಟ್ಟಿಗೆ ಇಳಿಯುತ್ತದೆ. ಪ್ಯಾಡೆಡ್ ಬ್ಲೌಸ್ ಹೊಲಿಸಿಯೂ ಇಡೀ ಸಂಜೆ ಎಳೆದೆಳೆದು ಸರಿಮಾಡಿಕೊಳ್ಳಬೇಕಾಗಿ ಬರುವುದು ಸಾಮಾನ್ಯವಾಗಿ ಈ ಒಂದು ಹೊಲಿಗೆ ಇಲ್ಲದಿರುವುದರಿಂದ. ಇನ್ನು ಮೇಲಿನ ಡೋರಿ. ಅದನ್ನು ಅಲಂಕಾರವೆಂದು ತಿಳಿದು ಕುಚ್ಚಿನ ಅಂದಕ್ಕೆ ಮಾತ್ರ ಗಮನ ಕೊಡುತ್ತೇವೆ. ಬೆನ್ನು ತೆರೆದಾಗ ಎರಡು ಹೆಗಲುಗಳನ್ನು ಹಿಂದೆ ಸೇರಿಸಿಡುವ ಬಟ್ಟೆಯೇ ಇರುವುದಿಲ್ಲ, ಆದ್ದರಿಂದ ಹೆಗಲು ಹೊರಕ್ಕೆ ಜಾರುತ್ತದೆ. ಡೋರಿ ಆ ಕೆಲಸ ಮಾಡುತ್ತದೆ. ಅದು ಹೆಗಲಿಗೆ ಹತ್ತಿರವಾಗಿ, ರೆಕ್ಕೆಮೂಳೆಗಳ ಮೇಲ್ಭಾಗದಲ್ಲಿ ಬರಬೇಕು, ನುಣುಪು ಸ್ಯಾಟಿನ್ನಿನದಾಗಿದ್ದರೆ ಗಂಟಿನ ಕೆಳಗೆ ಒಂದು ಪುಟ್ಟ ಕೊಕ್ಕೆಯನ್ನೂ ಗುಟ್ಟಾಗಿ ಇಡಿಸಬೇಕು.

ಕ್ರಮ ತಿರುಗಿಸಬೇಕೆಂದು ಹೇಳಿದ್ದಕ್ಕೆ ಅತ್ಯಂತ ಗಟ್ಟಿಯಾದ ಕಾರಣ ಅಳತೆಯಲ್ಲಿದೆ. ನಮ್ಮಲ್ಲಿ ದರ್ಜಿಗೆ ಅಳತೆ ಕೊಡುವುದೆಂದರೆ ಬಹಳ ಸಲ ಚೆನ್ನಾಗಿ ಕೂರುವ ಹಳೆಯ ಬ್ಲೌಸೊಂದನ್ನು ಕೊಟ್ಟು ಬರುವುದು. ಆ ಹಳೆಯ ಬ್ಲೌಸು ದಿನನಿತ್ಯದ ಬ್ರಾದ ಮೇಲೆ ಕೂತ ಬ್ಲೌಸು. ಆ ಬ್ರಾ ತೆಗೆದ ತಕ್ಷಣ ಎದೆಯ ಎತ್ತರ, ಅಗಲ, ದರ್ಜಿಗಳು ಪಾಯಿಂಟ್ ಎಂದು ಗುರುತು ಹಾಕುವ ಜಾಗ, ಎಲ್ಲವೂ ಬದಲಾಗುತ್ತವೆ. ಟಕ್ಸ್ ಒಂದು ಇಂಚು ಮೇಲೆ ಮುಗಿದರೆ ಕೆಳಗೆ ಬಟ್ಟೆ ಸುಕ್ಕಾಗುತ್ತದೆ, ಮೇಲೆ ಬಾಯಿ ಬಿಡುತ್ತದೆ. ಆಮೇಲೆ ಎಷ್ಟು ಒಳ್ಳೆಯ ಒಳಉಡುಪು ತಂದರೂ ಅದು ಬೇರೊಂದು ಆಕಾರಕ್ಕೆ ಕತ್ತರಿಸಿದ ಬಟ್ಟೆಯೊಳಗೆ ಹೋಗುತ್ತದೆ. ಆರಿ ಕೆಲಸವಿದ್ದರಂತೂ ತಿದ್ದಲು ದಾರಿಯೇ ಇಲ್ಲ. ಕತ್ತಿನ ಗೆರೆ, ಬೆನ್ನಿನ ಆಳ, ತೋಳಿನ ಅಂಚು ಎಲ್ಲವನ್ನೂ ಬಟ್ಟೆಯ ಮೇಲೆ ಮೊದಲೇ ಗುರುತು ಹಾಕಿ, ಚೌಕಟ್ಟಿಗೆ ಬಿಗಿದು, ಮಣಿ ಜರಿ ಕೂರಿಸಿದ ಮೇಲೆಯೇ ಕತ್ತರಿ ಬೀಳುವುದು. ಹಾಗಾಗಿ ಬೆನ್ನು ಇನ್ನೆರಡು ಬೆರಳು ಮೇಲಿದ್ದರೆ ಚೆನ್ನಿತ್ತು ಎಂದು ಕೊನೆಯ ವಾರ ಹೊಳೆದರೆ ಪ್ರಯೋಜನವಿಲ್ಲ. ಆ ದಿನ ತೊಡುವ ಕಪ್ ಅಥವಾ ಬ್ರಾವನ್ನು ಮೊದಲು ಕೊಂಡು, ಅದನ್ನೇ ತೊಟ್ಟು ಅಳತೆ ಕೊಟ್ಟು, ಕೋರಾ ಬಟ್ಟೆಯಲ್ಲೊಂದು ಮಾದರಿ ಹೊಲಿಸಿ ಹಾಕಿ ನೋಡಿ, ಆಮೇಲೆ ಕಸೂತಿಗೆ ಕೊಡುವುದು ನಿಧಾನದ ದಾರಿ ಎನ್ನಿಸಬಹುದು. ಕೆಟ್ಟುಹೋದ ಆರಿ ಬ್ಲೌಸಿನ ಬೆಲೆ ಬಲ್ಲವರಿಗೆ ಹಾಗೆ ಅನ್ನಿಸದು.

ಬ್ರಾದ ಸ್ವಂತ ಅಳತೆಯೇ ಬಹಳ ಜನಕ್ಕೆ ಸರಿಯಾಗಿ ತಿಳಿದಿಲ್ಲ ಎಂಬುದೂ ಇದರೊಂದಿಗೆ ಸೇರುತ್ತದೆ. ಆಸ್ಟ್ರೇಲಿಯಾದಲ್ಲಿ 2008ರಲ್ಲಿ ಪ್ರಕಟವಾದ ಒಂದು ಅಧ್ಯಯನ 18ರಿಂದ 26 ವಯಸ್ಸಿನ 30 ಯುವತಿಯರನ್ನು ಪರೀಕ್ಷಿಸಿತು. ಅವರಲ್ಲಿ ಶೇ 80ರಷ್ಟು ಮಂದಿ ತಪ್ಪು ಅಳತೆಯ ಬ್ರಾ ತೊಟ್ಟಿದ್ದರು. ಸಣ್ಣ ಅಧ್ಯಯನ, ಅದನ್ನು ಎಲ್ಲರಿಗೂ ಹಿಗ್ಗಿಸುವಂತಿಲ್ಲ. ಆದರೆ ತಪ್ಪಾಗುವ ಬಗೆ ನಮಗೂ ಪರಿಚಿತವೇ. ಕಪ್ ಚಿಕ್ಕದಾದಾಗ ಅಡ್ಡಪಟ್ಟಿಯ ಅಳತೆ ಹೆಚ್ಚಿಸಿ ಕೊಳ್ಳುತ್ತೇವೆ: 34 ಬಿಗಿಯಾಯಿತು, 36 ಕೊಡಿ. ಎದೆಗೆ ಜಾಗ ಸಿಗುತ್ತದೆ, ಪಟ್ಟಿ ಸಡಿಲವಾಗುತ್ತದೆ, ಭಾರ ಹೆಗಲಿಗೆ ಬರುತ್ತದೆ. ಕಪ್‌ನ ಅಕ್ಷರಕ್ಕೆ ತನ್ನಷ್ಟಕ್ಕೆ ಅರ್ಥವಿಲ್ಲ, ಅದು ಪಟ್ಟಿಯ ಅಳತೆಯೊಂದಿಗೆ ಬದಲಾಗುತ್ತದೆ. 34 ಬಿ, 32 ಸಿ, 36 ಎ ಮೂರರ ಕಪ್‌ನೊಳಗೂ ಹೆಚ್ಚುಕಡಿಮೆ ಒಂದೇ ಜಾಗ. ಪೋರ್ಟ್ಸ್‌ಮತ್ ತಂಡ 2012ರಲ್ಲಿ ಹೇಳಿದ್ದೂ ಇದಕ್ಕೆ ಹೊಂದುತ್ತದೆ: ಟೇಪಿನ ಅಳತೆಯನ್ನಷ್ಟೇ ನಂಬಿದರೆ ಪಟ್ಟಿ ದೊಡ್ಡದಾಗಿಯೂ ಕಪ್ ಚಿಕ್ಕದಾಗಿಯೂ ಬರುತ್ತದೆ, ತೊಟ್ಟು ನೋಡಿ ನಿರ್ಧರಿಸುವುದೇ ಮೇಲು. ಸ್ಟ್ರಾಪ್‌ಲೆಸ್ ಕೊಳ್ಳುವಾಗ ಪಟ್ಟಿ ಒಂದು ಅಳತೆ ಚಿಕ್ಕದಿರಲಿ, ಕಪ್ ಒಂದು ಅಕ್ಷರ ಮುಂದಿರಲಿ. ಹೆಗಲಪಟ್ಟಿಯ ನೆರವಿಲ್ಲದ ಕಡೆ ಅಡ್ಡಪಟ್ಟಿಯ ಬಿಗಿಯೇ ಎಲ್ಲ.

ಇಷ್ಟೆಲ್ಲ ಏಕೆ, ಅಂಟಿಸುವ ಕಪ್ ಇದೆಯಲ್ಲ ಎಂಬುದು ಮೊದಲ ಆಕ್ಷೇಪ, ಅದನ್ನು ತಳ್ಳಿಹಾಕುವಂತಿಲ್ಲ. ಸಣ್ಣ ಅಥವಾ ಮಧ್ಯಮ ಗಾತ್ರದವರಿಗೆ, ಎರಡು ಮೂರು ಗಂಟೆಯ ಕಾರ್ಯಕ್ರಮಕ್ಕೆ, ಹವಾನಿಯಂತ್ರಿತ ಸಭಾಂಗಣದಲ್ಲಿ ಸಿಲಿಕಾನ್ ಕಪ್ ಚೆನ್ನಾಗಿಯೇ ಕೆಲಸ ಮಾಡುತ್ತದೆ. ಎರಡು ಕಪ್‌ಗಳನ್ನು ನಡುವೆ ಸೇರಿಸಿದಾಗ ಅವು ಒಂದಕ್ಕೊಂದು ಎಳೆದು ಆಕಾರ ಕೊಡುತ್ತವೆ. ಆದರೆ ಅಲ್ಲಿ ಭಾರ ಹೊರುವುದು ಚರ್ಮ, ಅದೂ ಮೊದಲೇ ಭಾರ ಹೊತ್ತಿರುವ ಆ ಚರ್ಮವೇ. ಗಾತ್ರ ದೊಡ್ಡದಾದಷ್ಟೂ ಕಪ್ ಎತ್ತುವುದಿಲ್ಲ, ಕಪ್ಪೇ ತೂಗಿಬೀಳುತ್ತದೆ. ನಮ್ಮ ಮದುವೆಯ ಸಂದರ್ಭವನ್ನೂ ಗಮನಿಸಬೇಕು. ಏಪ್ರಿಲ್ ಮೇ ತಿಂಗಳ ಮುಹೂರ್ತ, ಫ್ಯಾನು ಮಾತ್ರ ಇರುವ ಛತ್ರ, ವೇದಿಕೆಯ ಮೇಲೆ ಬೆಂಕಿಯಂಥ ದೀಪ, ಸಾಲುಗಟ್ಟಿ ಬರುವ ಅತಿಥಿಗಳು. ಹೆಣ್ಣು ನಾಲ್ಕು ಗಂಟೆ ನಿಂತಿರುತ್ತಾಳೆ, ಹಿರಿಯರ ಕಾಲಿಗೆ ನೂರು ಸಲ ಬಾಗುತ್ತಾಳೆ. ಬೆವರು ಅಂಟಿಗೆ ಶತ್ರು. ಎಣ್ಣೆ ಅದಕ್ಕಿಂತ ದೊಡ್ಡ ಶತ್ರು, ಅರಿಶಿನ ಎಣ್ಣೆಯ ಶಾಸ್ತ್ರ ಮುಗಿದ ದಿನವೇ ಆರತಕ್ಷತೆ ಇದ್ದರೆ ಎಷ್ಟು ತಿಕ್ಕಿ ಸ್ನಾನ ಮಾಡಿದರೂ ಚರ್ಮದ ಮೇಲೆ ಜಿಡ್ಡು ಉಳಿದಿರುತ್ತದೆ. ಪೌಡರು, ಲೋಷನ್ನು ಕೂಡ ಅಂಟನ್ನು ಕೆಡಿಸುತ್ತವೆ.

ಎದೆಗೆ ಸುತ್ತುವ ಹತ್ತಿಯ ಟೇಪು ಈ ದೃಷ್ಟಿಯಿಂದ ಸಿಲಿಕಾನಿಗಿಂತ ಉತ್ತಮ. ಅದನ್ನು ಕೆಳಗಿನಿಂದ ಮೇಲೆತ್ತಿ ಹೆಗಲಿನ ಕಡೆಗೆ ಅಂಟಿಸಿದಾಗ ಭಾರವು ಭದ್ರವಾದ ಮೇಲೆದೆಯ ಚರ್ಮಕ್ಕೆ ಹಂಚಿಹೋಗುತ್ತದೆ. ದೊಡ್ಡ ಗಾತ್ರಕ್ಕೂ ಒಂದಿಷ್ಟು ನಿಲ್ಲುತ್ತದೆ. ಆದರೆ ಅದರ ಅಂಟು ಸಾಮಾನ್ಯವಾಗಿ ಅಕ್ರಿಲಿಕ್, ಅದು ಕೆಲವರ ಚರ್ಮಕ್ಕೆ ಒಗ್ಗದೆ ಕೆಂಪು ದದ್ದು, ಗುಳ್ಳೆ ಏಳುತ್ತವೆ. ಕನಿಷ್ಠ ಒಂದು ವಾರ ಮೊದಲು ತೋಳಿನ ಒಳಭಾಗದಲ್ಲಿ ತುಂಡೊಂದನ್ನು ಅಂಟಿಸಿ ಒಂದು ದಿನ ಬಿಟ್ಟು ನೋಡಲೇಬೇಕು. ಮೊಲೆತೊಟ್ಟಿನ ಮೇಲೆ ಮೃದುವಾದ ಮುಚ್ಚಳವಿಲ್ಲದೆ ಟೇಪು ತಾಗಿಸಬಾರದು. ವ್ಯಾಕ್ಸಿಂಗ್ ಮಾಡಿಸಿದ ಮರುದಿನ, ಮಗುವಿಗೆ ಹಾಲೂಡಿಸುವ ದಿನಗಳಲ್ಲಿ, ಗಾಯ ಅಥವಾ ತುರಿಕೆ ಇದ್ದಾಗ ಯಾವ ಅಂಟೂ ಬೇಡ. ತೆಗೆಯುವಾಗ ಕೊಬ್ಬರಿ ಎಣ್ಣೆ ಧಾರಾಳವಾಗಿ ಸವರಿ, ಹತ್ತು ನಿಮಿಷ ಬಿಟ್ಟು, ಟೇಪನ್ನು ಹಿಂದಕ್ಕೆ ಮಡಚುತ್ತ ಚರ್ಮಕ್ಕೆ ಸಮನಾಗಿ ನಿಧಾನ ಎಳೆಯಬೇಕು; ಪಟ್ಟನೆ ಕಿತ್ತರೆ ಚರ್ಮದ ಮೇಲ್ಪದರವೂ ಜೊತೆಗೆ ಬರುತ್ತದೆ. ಅಂಟನ್ನು ನಾನು ಬೇಡವೆನ್ನುತ್ತಿಲ್ಲ. ಒಂದು ಕ್ರಮದಲ್ಲಿ ಕಟ್ಟಿದ ಉಡುಪಿಗೆ ಅದು ಕೊನೆಯ ನೆರವಾಗಲಿ, ಅಂಚು ಬಾಯಿ ಬಿಡದಂತೆ ಎರಡು ತುಂಡು ಡಬಲ್ ಟೇಪು ಇರಲಿ. ಇಡೀ ಭಾರವನ್ನು ಅದರ ಮೇಲೆ ಹಾಕುವುದನ್ನು ಮಾತ್ರ ಒಪ್ಪಲಾರೆ.

ಎರಡನೆಯ ಆಕ್ಷೇಪ ಇನ್ನೂ ಮೂಲಭೂತವಾದದ್ದು: ಆಸರೆ ಬೇಕೇಬೇಕೆ? ಬ್ರಾ ಇಲ್ಲದೆಯೇ ತಲೆಮಾರುಗಳು ಬದುಕಿದವಲ್ಲ? ಬ್ರಾ ತೊಡದಿದ್ದರೆ ಸ್ತನ ಜೋಲುತ್ತದೆ ಎಂದು ಹೆದರಿಸುವವರ ಜೊತೆ ನಾನಿಲ್ಲ. ಅಮೆರಿಕದ ಕೆಂಟಕಿ ವಿಶ್ವವಿದ್ಯಾಲಯದ ಪ್ಲಾಸ್ಟಿಕ್ ಸರ್ಜನ್ ಬ್ರಯನ್ ರಿಂಕರ್ 2008ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಜೋಲುವಿಕೆಗೆ ಕಾರಣವಾಗಿ ಕಂಡದ್ದು ವಯಸ್ಸು, ದೇಹದ ತೂಕ, ಬಸಿರುಗಳ ಸಂಖ್ಯೆ, ಮೊದಲಿನಿಂದಲೇ ಇದ್ದ ದೊಡ್ಡ ಗಾತ್ರ ಮತ್ತು ಧೂಮಪಾನ, ಹಾಲೂಡಿಸುವುದು ಕಾರಣವಾಗಿರಲಿಲ್ಲ. ಬಿಗಿ ಬ್ರಾದಿಂದ ಕ್ಯಾನ್ಸರ್ ಬರುತ್ತದೆಂಬ ಸುದ್ದಿಗೂ ಬುಡವಿಲ್ಲ. ಸಿಯಾಟಲ್‌ನ ಫ್ರೆಡ್ ಹಚಿನ್ಸನ್ ಕ್ಯಾನ್ಸರ್ ಸಂಶೋಧನಾ ಕೇಂದ್ರದ 2014ರ ಅಧ್ಯಯನ ಅಂಥ ಸಂಬಂಧವನ್ನು ಕಾಣಲಿಲ್ಲ. ಬ್ರಾ ವೈದ್ಯಕೀಯ ಕಡ್ಡಾಯವಲ್ಲ, ತೊಡದೆ ಹಾಯಾಗಿರುವವರು ತೊಡದಿರಲಿ. ಆಸರೆ ಬೇಕೆನ್ನುವುದು ಆ ನಾಲ್ಕು ಗಂಟೆಗಳ ನೆಮ್ಮದಿಗಾಗಿ. ಪ್ರತಿ ಐದು ನಿಮಿಷಕ್ಕೆ ಅಂಚು ಎಳೆದುಕೊಳ್ಳುವ, ಕೈ ಎತ್ತಲು ಹಿಂಜರಿಯುವ, ಫೋಟೋಗೆ ಉಸಿರು ಬಿಗಿ ಹಿಡಿಯುವ ಹೆಣ್ಣಿಗೆ ತನ್ನ ಸಂಭ್ರಮದಲ್ಲಿ ಭಾಗಿಯಾಗಲು ಮನಸ್ಸು ಉಳಿಯುವುದಿಲ್ಲ.

ದಪ್ಪ ಮೈಯವರಿಗೆ, ಎದೆ ತುಂಬಿಕೊಂಡವರಿಗೆ ಇಂಥ ಉಡುಪು ಸಲ್ಲದು ಎಂಬ ಮಾತು ಅಂಗಡಿಗಳಲ್ಲೂ ಮನೆಗಳಲ್ಲೂ ಸಲೀಸಾಗಿ ಬೀಳುತ್ತದೆ. ಅದರಲ್ಲಿರುವ ಸತ್ಯ ಇಷ್ಟೇ: ಭಾರ ಹೆಚ್ಚಿದ್ದಲ್ಲಿ ಕೆಳಪಟ್ಟಿ ಅಗಲವಾಗಿರಬೇಕು, ಬೆನ್ನಿನ ತೆರವು ಅಗಲಕ್ಕಿಂತ ಉದ್ದಕ್ಕೆ ಇರಬೇಕು. ಕಿರಿದಾದ ಆಳವಾದ ಕತ್ತಿನಲ್ಲಿ ಪಕ್ಕದ ಬಟ್ಟೆ ಉಳಿದಿರುತ್ತದೆ, ಕಡ್ಡಿ ಇಡಲು ಜಾಗವಿರುತ್ತದೆ, ಹೆಗಲೂ ಜಾರುವುದಿಲ್ಲ. ಬೆನ್ನು ಅಷ್ಟೇ ಚೆಂದ ಕಾಣುತ್ತದೆ. ತೆರವಿನ ಮೇಲೆ ಮೈಬಣ್ಣದ ಪವರ್ ನೆಟ್ ಹಾಯಿಸಿದರೆ ದೂರಕ್ಕೆ ಬರಿಬೆನ್ನಿನಂತೆಯೇ ಕಂಡು, ಒಳಗೆ ಎರಡು ಬದಿಗಳನ್ನು ಸೇರಿಸಿ ಹಿಡಿಯುತ್ತದೆ. ಆಗ ಬ್ಲೌಸು ಪೂರ್ತಿ ಅಡ್ಡಪಟ್ಟಿಯಾಗುತ್ತದೆ. ಉಡುಪು ಸಲ್ಲದು ಎನ್ನುವ ಮೊದಲು ಹೊಲಿಗೆ ಸಾಲದು ಎಂದು ಒಪ್ಪಿಕೊಳ್ಳುವುದು ನ್ಯಾಯ. ಶಸ್ತ್ರಚಿಕಿತ್ಸೆಯಲ್ಲಿ ಸ್ತನ ತೆಗೆಸಿಕೊಂಡವರ ವಿಷಯದಲ್ಲೂ ಇದೇ ಮಾತು. ಕೃತಕ ಸ್ತನವನ್ನು ಇಡಲು ಬ್ಲೌಸಿನ ಒಳಗೇ ಹತ್ತಿಯ ಜೇಬೊಂದನ್ನು ಪಟ್ಟಿಗೆ ಸೇರಿಸಿ ಹೊಲಿದರೆ ಬೇರೆ ಬ್ರಾ ಬೇಕಾಗುವುದಿಲ್ಲ. ಮುಂದಿನ ಕತ್ತು ಮೇಲಿದ್ದು ಬೆನ್ನು ತೆರೆದಿರುವ ಮಾದರಿ ಅಂಥವರಿಗೆ ಬಹಳ ಒಪ್ಪುತ್ತದೆ. ಇದನ್ನು ಕೇಳಿ ಹೊಲಿಸಿಕೊಳ್ಳಬಹುದು ಎಂಬುದು ಹೆಚ್ಚಿನವರಿಗೆ ಗೊತ್ತೇ ಇಲ್ಲದಿರುವುದು ಬೇಸರದ ಸಂಗತಿ.

ಕೇಳುವುದೇ ಕಷ್ಟ ಎನ್ನುವವರಿದ್ದಾರೆ, ಅವರ ಮಾತಿನಲ್ಲಿ ತೂಕವಿದೆ. ಪರಿಚಯದ ಗಂಡಸು ದರ್ಜಿಯ ಮುಂದೆ ಕಪ್, ಪಟ್ಟಿ, ಎದೆಯ ಕೆಳಗಿನ ಸುತ್ತಳತೆ ಎಂದು ಬಿಡಿಸಿ ಹೇಳಲು ನಾಚಿಕೆ. ಹಳೆಯ ಬ್ಲೌಸು ಕೊಟ್ಟು ಬರುವ ರೂಢಿ ಬೆಳೆದದ್ದರಲ್ಲೂ ಈ ನಾಚಿಕೆಯ ಪಾಲಿದೆ. ಮನೆಯಲ್ಲೇ ಅಳತೆ ತೆಗೆದು ಬರೆದುಕೊಟ್ಟರೆ ಸಾಕು. ಎದೆಯ ಕೆಳಗಿನ ಸುತ್ತಳತೆ, ಎದೆಯ ತುಂಬು ಅಳತೆ, ಹೆಗಲಿನಿಂದ ಪಾಯಿಂಟಿಗೆ ಇರುವ ಉದ್ದ, ಎರಡು ಪಾಯಿಂಟುಗಳ ನಡುವಿನ ಅಂತರ: ಈ ನಾಲ್ಕನ್ನೂ ಆ ದಿನದ ಒಳಉಡುಪು ತೊಟ್ಟೇ ತೆಗೆದು, ಅದೇ ಒಳಉಡುಪಿನ ಇನ್ನೊಂದು ಜೊತೆಯನ್ನು ಬಟ್ಟೆಯೊಂದಿಗೆ ಕೊಟ್ಟುಬಂದರೆ ಬಾಯಿಬಿಟ್ಟು ಹೇಳಬೇಕಾದದ್ದು ಬಹಳ ಉಳಿಯುವುದಿಲ್ಲ.

ತೆಳು ಬಟ್ಟೆಯ ಮಾತು ಇನ್ನೊಂದಿದೆ. ಆರ್ಗಂಜಾ, ನೆಟ್, ಶಿಫಾನ್ ಸೀರೆಗಳ ಕೆಳಗೆ, ಪಾರದರ್ಶಕ ತೋಳು ಬೆನ್ನುಗಳ ಕೆಳಗೆ ಒಳಉಡುಪಿನ ಬಣ್ಣ ಬಟ್ಟೆಯ ಬಣ್ಣಕ್ಕೆ ಹೊಂದಬೇಕೆಂದು ತಿಳಿಯುತ್ತೇವೆ. ಹೊಂದಬೇಕಾದದ್ದು ಮೈಬಣ್ಣಕ್ಕೆ. ಬಿಳಿ ಬಟ್ಟೆಯ ಕೆಳಗೆ ಬಿಳಿ ಬ್ರಾ ಎದ್ದು ಕಾಣುವುದು, ಸುತ್ತಲಿನ ಚರ್ಮಕ್ಕಿಂತ ಅದು ಹೆಚ್ಚು ಬೆಳಕು ಹಿಂದಿರುಗಿಸುವುದರಿಂದ. ಕಂದು ಮೈಗೆ ಕಂದು, ಕಾಫಿ ಬಣ್ಣ, ಗಾಢ ಮರೂನ್ ಕೂಡ ಬಿಳಿಗಿಂತ ಚೆನ್ನಾಗಿ ಮರೆಯಾಗುತ್ತವೆ. ಆದರೆ ಅಂಗಡಿಯವರು ಸ್ಕಿನ್ ಕಲರ್ ಎಂದು ಎತ್ತಿಕೊಡುವುದು ಬಹುಪಾಲು ನಸುಗುಲಾಬಿ ಬೀಜ್, ಅದು ನಮ್ಮಲ್ಲಿ ಅನೇಕರ ಚರ್ಮದ ಬಣ್ಣವಲ್ಲ. ಕಂದು ಛಾಯೆಗಳಲ್ಲೇ ಒಳಉಡುಪು ತಯಾರಿಸುವ ನ್ಯೂಬಿಯನ್ ಸ್ಕಿನ್ ಎಂಬ ಸಂಸ್ಥೆಯನ್ನು ಅಡೆ ಹಸನ್ ಲಂಡನ್ನಿನಲ್ಲಿ ಆರಂಭಿಸಿದ್ದೇ 2014ರಲ್ಲಿ, ಅಷ್ಟು ತಡವಾಗಿ. ಒಳಲಂಗಕ್ಕೆ ಮಾತ್ರ ಈ ಲೆಕ್ಕ ಅನ್ವಯಿಸುವುದಿಲ್ಲ. ಅಲ್ಲಿ ಸೀರೆಯ ಬಣ್ಣವೇ ಸರಿ, ಏಕೆಂದರೆ ನೆಟ್ ಸೀರೆಯ ಬಣ್ಣಕ್ಕೆ ಆಳ ಕೊಡುವುದು ಒಳಲಂಗ. ಅದು ಸ್ಯಾಟಿನ್ನಿನದಾಗಿ, ಹಿಮ್ಮಡಿಯವರೆಗೆ ಇಳಿದಿರಬೇಕು. ಕೊನೆಯ ಪರೀಕ್ಷೆ ಕನ್ನಡಿಯಲ್ಲಿ ಮುಗಿಯಬಾರದು. ಮೊಬೈಲಿನ ಫ್ಲ್ಯಾಶ್ ಹಾಕಿ ಮುಂದಿನಿಂದ ಒಂದು, ಕಿಟಕಿಗೆ ಬೆನ್ನು ಮಾಡಿ ನಿಂತು ಒಂದು ಫೋಟೋ ತೆಗೆಸಿ ನೋಡಿ. ಕಣ್ಣಿಗೆ ಕಾಣದ ಅಂಚು, ಹೊಲಿಗೆ, ನೆರಳು ಅದರಲ್ಲಿ ಕಾಣುತ್ತವೆ. ಹಾರ ಹಾಕುವಂತೆ ಕೈ ಎತ್ತಿ, ಕಾಲಿಗೆ ಬೀಳುವಂತೆ ಬಾಗಿ, ನೆಲದ ಮೇಲೆ ಕೂತೆದ್ದು ನೋಡಿ. ಇದನ್ನು ಹತ್ತು ದಿನ ಮೊದಲೇ ಮಾಡಿದರೆ ದರ್ಜಿಗೂ ತಿದ್ದಲು ಸಮಯವಿರುತ್ತದೆ.

ಒಮ್ಮೆ ತೊಡುವ ಬ್ಲೌಸಿಗೆ ಇಷ್ಟು ಖರ್ಚೇ ಎಂಬ ಪ್ರಶ್ನೆಗೆ ಉತ್ತರವೂ ಹೊಲಿಗೆಯಲ್ಲೇ ಇದೆ. ಕ್ಯಾನ್ವಾಸ್ ಪಟ್ಟಿ, ಕಪ್, ಕಡ್ಡಿಗಳಿಗೆ ತಗಲುವ ಹಣ ಆರಿ ಕೆಲಸಕ್ಕೆ ಕೊಡುವುದರ ಮುಂದೆ ಚಿಕ್ಕದು, ಬ್ಲೌಸು ಮತ್ತೆ ಮತ್ತೆ ತೊಡುವಂತಾಗುವುದೂ ಆ ಚಿಕ್ಕ ಖರ್ಚಿನಿಂದಲೇ. ಕಪ್‌ಗಳ ಕೆಳಅಂಚನ್ನು ಸಣ್ಣ ಗುಂಡಿಗಳಿಂದ ಪಟ್ಟಿಗೆ ಸಿಕ್ಕಿಸುವಂತೆ ಮಾಡಿಸಿದರೆ ತೆಗೆದು ಒಗೆಯಬಹುದು, ಅಳತೆ ಬದಲಾದಾಗ ಬೇರೆ ಹಾಕಬಹುದು. ಎರಡು ಪಕ್ಕದ ಹೊಲಿಗೆಯಲ್ಲೂ ಒಂದೂವರೆ ಇಂಚು ಬಟ್ಟೆಯನ್ನು ಕತ್ತರಿಸದೆ ಒಳಗೆ ಬಿಡಲು ಹೇಳಬೇಕು, ಕೆಳಪಟ್ಟಿಯ ಕ್ಯಾನ್ವಾಸನ್ನೂ ಅಷ್ಟೇ ಉದ್ದ ಬಿಡಿಸಬೇಕು. ಮಗುವಾದ ಮೇಲೆ ಮೈ ತುಂಬಿದಾಗ, ಇಲ್ಲವೇ ತಂಗಿಯ ಮದುವೆಗೆ ಅದನ್ನೇ ಅವಳ ಅಳತೆಗೆ ಬಿಚ್ಚಿ ಹೊಲಿಸುವಾಗ, ಆ ಬಟ್ಟೆ ಬೇಕಾಗುತ್ತದೆ.